ಎರಡು ಭಾನುವಾರಗಳು

ಎರಿಕ್ ಲಿಡೆಲ್ ಎಂದೊಡನೆ ನಮ್ಮಲ್ಲಿ ಹಲವರಿಗೆ ಓಟಗಾರನೊಬ್ಬನ ನೆನಪಾಗುತ್ತದೆ. ೧೯೮೧ರಲ್ಲಿ ತೆರೆಗೆ ಬಂದ ‘ಚಾರಿಯಟ್ಸ್ ಆಫ್ ಫೈರ್’ ಚಿತ್ರವನ್ನು ಕಂಡವರಿಗಂತೂ, ತಲೆಯನ್ನು ಹಿಂದಕ್ಕೆ ಚೆಲ್ಲಿ, ಬಾಯ್ದೆರೆದು, ಆಕಾಶವನ್ನೇ ನೋಡುತ್ತ ಓಡುವ ಆ ಯುವಕ ಕಣ್ಣಿಗೆ ಕಟ್ಟಿದಂತಿರುತ್ತಾನೆ. ನಾನೂ ಬಹುಕಾಲ ಅವನನ್ನು ಹಾಗೆಯೇ ಬಲ್ಲೆ. ಓಟದಿಂದ ಲೋಕಪ್ರಸಿದ್ಧನಾಗುವ ಮೊದಲೇ ಅವನು ಸ್ಕಾಟ್ಲೆಂಡಿನ ಪರವಾಗಿ ರಗ್ಬಿ ಆಡಿದ್ದನೆಂದು ತಿಳಿದದ್ದು ಆಮೇಲೆ.

ಅವನು ಹುಟ್ಟಿದ್ದು ಸ್ಕಾಟ್ಲೆಂಡಿನಲ್ಲಲ್ಲ. ಚೀನಾದ ಟಿಯೆಂಟ್‌ಸಿನ್ ನಗರದಲ್ಲಿ, ೧೯೦೨ರ ಜನವರಿ ೧೬ರಂದು. ತಂದೆತಾಯಿಗಳು ಲಂಡನ್ ಮಿಷನ್ನಿಗೆ ಸೇರಿದವರು. ೧೮೧೦ರಲ್ಲಿಯೇ ಬಳ್ಳಾರಿಗೆ ಬಂದು ನೆಲೆಯೂರಿದ ಆ ಸಂಸ್ಥೆಯ ಹೆಸರು ಕನ್ನಡಿಗರಿಗೆ ಹೊಸದೇನೂ ಅಲ್ಲ. ಆರು ವರ್ಷದ ಹುಡುಗನನ್ನು ಅಣ್ಣನೊಡನೆ ಲಂಡನ್ನಿನ ವಸತಿಶಾಲೆಯಲ್ಲಿ ಬಿಟ್ಟು ಹಿರಿಯರು ಚೀನಾಕ್ಕೆ ಮರಳಿದರು. ೧೯೨೦ರಲ್ಲಿ ಅವನು ವಿಜ್ಞಾನ ಓದಲೆಂದು ಎಡಿನ್‌ಬರೋ ವಿಶ್ವವಿದ್ಯಾನಿಲಯವನ್ನು ಸೇರಿದ.

ರಗ್ಬಿ ನಮ್ಮ ಊರುಗಳಲ್ಲಿ ಹೆಚ್ಚಾಗಿ ಕಾಣುವ ಆಟವಲ್ಲ. ಪಕ್ಷಕ್ಕೆ ೧೫ ಮಂದಿ, ಮೊಟ್ಟೆಯಾಕಾರದ ಚೆಂಡು. ಅದನ್ನು ಹಿಡಿದು ಓಡಬಹುದು, ಆದರೆ ಕೈಯಿಂದ ಮುಂದಕ್ಕೆ ಎಸೆಯುವಂತಿಲ್ಲ. ಓಡುವವನನ್ನು ಎದುರಾಳಿ ತಬ್ಬಿ ನೆಲಕ್ಕೆ ಕೆಡವಬಹುದು. ಮೈದಾನದ ಅಂಚಿನಲ್ಲಿ ಆಡುವ ‘ವಿಂಗ್’ ಆಟಗಾರನಿಗೆ ವೇಗವೇ ಬಂಡವಾಳ. ಲಿಡೆಲ್‌ನ ಸ್ಥಾನ ಅದೇ.

೧೯೨೨ರ ಜನವರಿ ೨ರಂದು, ಪ್ಯಾರಿಸ್ ಬಳಿಯ ಕೊಲಂಬ್ ಕ್ರೀಡಾಂಗಣದಲ್ಲಿ ಫ್ರಾನ್ಸಿನ ವಿರುದ್ಧ ಅವನು ಮೊದಲ ಬಾರಿಗೆ ಸ್ಕಾಟ್ಲೆಂಡಿನ ಅಂಗಿ ತೊಟ್ಟ. ಪಂದ್ಯ ೩–೩ರಲ್ಲಿ ಸಮವಾಯಿತು. ಆ ವರ್ಷವೂ ಮರುವರ್ಷವೂ ಸೇರಿ ಏಳು ಅಂತರರಾಷ್ಟ್ರೀಯ ಪಂದ್ಯಗಳನ್ನು ಆಡಿದ. ೧೯೨೩ರಲ್ಲಿ ಕಾರ್ಡಿಫ್‌ನಲ್ಲಿ ವೇಲ್ಸನ್ನು ೧೧–೮ರಿಂದ ಸೋಲಿಸಿದ ತಂಡದಲ್ಲಿ ಅವನಿದ್ದ. ಆ ಊರಿನಲ್ಲಿ ಸ್ಕಾಟರು ಗೆದ್ದದ್ದು ೧೮೯೦ರ ನಂತರ ಅದೇ ಮೊದಲು. ಅದೇ ವರ್ಷ, ೨೧ರ ಹರೆಯದಲ್ಲಿ, ಒಲಿಂಪಿಕ್ ಓಟಕ್ಕಾಗಿ ರಗ್ಬಿಯನ್ನು ಬಿಟ್ಟ. ಕೈಗೆ ಬಂದದ್ದನ್ನು ಬಿಟ್ಟುಕೊಡುವುದು ಅವನ ಬಾಳಿನಲ್ಲಿ ಮತ್ತೆ ಮತ್ತೆ ಕಾಣುವ ಸಂಗತಿ.

೧೯೨೪ರ ಒಲಿಂಪಿಕ್ ಕೂಟದಲ್ಲಿ ೧೦೦ ಮೀಟರ್ ಓಟದ ಮೊದಲ ಸುತ್ತು ಜುಲೈ ೬, ಭಾನುವಾರ. ಆ ದಿನ ದೇವರಿಗೆ ಮೀಸಲು, ಓಡುವುದಿಲ್ಲವೆಂದ ಲಿಡೆಲ್. ಹಡಗು ಹತ್ತುವಾಗ ಈ ಸುದ್ದಿ ಅವನ ಕಿವಿಗೆ ಬಿದ್ದಂತೆ ಚಿತ್ರದಲ್ಲಿ ತೋರಿಸಿದ್ದಾರೆ. ವಾಸ್ತವವಾಗಿ ಕೆಲವು ತಿಂಗಳ ಮೊದಲೇ ಅವನಿಗೆ ತಿಳಿದಿತ್ತು. ತನ್ನ ಓಟವನ್ನು ತೊರೆದು, ೪೦೦ ಮೀಟರಿಗಾಗಿ ಅಭ್ಯಾಸ ಮಾಡಿದ. ೨೦೦ ಮೀಟರಿನಲ್ಲಿ ಕಂಚು ಪಡೆದು, ಜುಲೈ ೧೧ರಂದು ತೀರ ಹೊರಗಿನ ಪಥದಲ್ಲಿ ನಿಂತ. ಯಾರನ್ನೂ ನೋಡಿ ಓಡುವಂತಿಲ್ಲ; ಎಲ್ಲರೂ ಬೆನ್ನ ಹಿಂದೆ. ೪೭.೬ ಸೆಕೆಂಡುಗಳಲ್ಲಿ ಮುಗಿಸಿದ. ಒಲಿಂಪಿಕ್ ದಾಖಲೆಯೊಡನೆ ಚಿನ್ನದ ಪದಕ. ಓಡಿದ ನೆಲ ಯಾವುದು? ಎರಡೂವರೆ ವರ್ಷದ ಹಿಂದೆ ರಗ್ಬಿ ಆಡಿದ್ದ ಅದೇ ಕೊಲಂಬ್.

ಕೀರ್ತಿ ಶಿಖರಕ್ಕೇರಿದ್ದಾಗ, ೧೯೨೫ರಲ್ಲಿ, ಅವನು ಚೀನಾಕ್ಕೆ ಹೊರಟುಬಿಟ್ಟ. ಟಿಯೆಂಟ್‌ಸಿನ್‌ನ ಕಾಲೇಜೊಂದರಲ್ಲಿ ವಿಜ್ಞಾನ ಕಲಿಸಿದ. ೧೯೩೨ರಲ್ಲಿ ಪಾದ್ರಿಯ ದೀಕ್ಷೆ ಪಡೆದ. ಮುಂದೆ ಜಪಾನಿ ಸೈನ್ಯ ನುಗ್ಗಿದ್ದ ಹಳ್ಳಿಗಾಡಿನಲ್ಲಿ ದುಡಿದ. ೧೯೪೧ರಲ್ಲಿ ಗರ್ಭಿಣಿ ಹೆಂಡತಿಯನ್ನೂ ಇಬ್ಬರು ಹೆಣ್ಣುಮಕ್ಕಳನ್ನೂ ಕೆನಡಾಕ್ಕೆ ಕಳುಹಿಸಿ ತಾನು ಉಳಿದ. ಮೂರನೆಯ ಮಗಳ ಮುಖವನ್ನು ಅವನು ಕಾಣಲೇ ಇಲ್ಲ.

೧೯೪೩ರಲ್ಲಿ ಜಪಾನೀಯರು ಅವನನ್ನು ವೆಯ್‌ಶಿಯನ್ ಶಿಬಿರದಲ್ಲಿ ಬಂಧಿಸಿಟ್ಟರು. ತಂದೆತಾಯಿಗಳಿಂದ ಅಗಲಿದ ಎಷ್ಟೋ ಮಕ್ಕಳು ಅಲ್ಲಿದ್ದರು. ಅವರಿಗೆ ಲಿಡೆಲ್ ಪಾಠ ಹೇಳಿದ, ಆಟ ಆಡಿಸಿದ; ಭಾನುವಾರ ಮಾತ್ರ ಆಟವಿಲ್ಲ. ಬೇಸರ ತಾಳಲಾರದ ಹುಡುಗರು ಒಂದು ಭಾನುವಾರ ತಾವೇ ಹಾಕಿ ಆಡಹೊರಟರು. ತೀರ್ಪುಗಾರನಿಲ್ಲದ ಆಟ ಜಗಳದಲ್ಲಿ ಮುಗಿಯಿತು. ಮುಂದಿನ ಭಾನುವಾರ ಹುಡುಗರ ನಡುವೆ ತೀರ್ಪುಗಾರನಾಗಿ ಬಂದು ನಿಂತವನು ಲಿಡೆಲ್! ಶಿಬಿರದಲ್ಲಿದ್ದವರು ಮುಂದೆ ಬಹುಕಾಲ ನೆನೆಯುತ್ತಿದ್ದ ಘಟನೆಯಿದು.

ಒಲಿಂಪಿಕ್ ಪದಕಕ್ಕಾಗಿ ಮುರಿಯದ ನೇಮವನ್ನು ಮಕ್ಕಳಿಗಾಗಿ ಅವನು ಮುರಿದ. ಹಾಗಾದರೆ ಮೊದಲಿನ ಹಟ ತಪ್ಪಾಗಿತ್ತೆ? ನನಗೆ ಹಾಗೆ ತೋರುವುದಿಲ್ಲ. ಪ್ಯಾರಿಸ್ಸಿನಲ್ಲಿ ನೇಮ ಬೇಡಿದ್ದು ಅವನ ಸ್ವಂತ ಲಾಭವನ್ನು. ಅದನ್ನು ಅವನು ಕೊಟ್ಟ. ಶಿಬಿರದಲ್ಲಿ ಅದೇ ನೇಮಕ್ಕೆ ಬೆಲೆ ತೆರಬೇಕಾಗಿದ್ದವರು ಮಕ್ಕಳು. ತಾನು ತೆರುವ ಬೆಲೆಗೂ ಪರರಿಂದ ತೆರಿಸುವ ಬೆಲೆಗೂ ಇರುವ ಅಂತರವನ್ನು ಅವನು ಬಲ್ಲವನಾಗಿದ್ದ. ಆಚಾರವಂತರಾದ ಹಿರಿಯರ ಮನೆಗಳಲ್ಲಿ ಬೆಳೆದ ನಮಗೆ ಈ ಅಂತರ ಎಷ್ಟು ದೊಡ್ಡದೆಂದು ಬಿಡಿಸಿ ಹೇಳಬೇಕಾಗಿಲ್ಲ.

೧೯೪೫ರ ಫೆಬ್ರವರಿ ೨೧ರಂದು, ಮಿದುಳಿನ ಗೆಡ್ಡೆಯಿಂದ ಲಿಡೆಲ್ ಶಿಬಿರದಲ್ಲೇ ತೀರಿಕೊಂಡ. ವಯಸ್ಸು ೪೩. ಅದೇ ಆಗಸ್ಟಿನಲ್ಲಿ ಶಿಬಿರದ ಬಾಗಿಲು ತೆರೆಯಿತು. ಎಡಿನ್‌ಬರೋ ವಿಶ್ವವಿದ್ಯಾನಿಲಯ ೧೯೯೧ರಲ್ಲಿ ಅಲ್ಲಿ ಸ್ಕಾಟ್ಲೆಂಡಿನ ಕಲ್ಲಿನಿಂದ ಅವನ ಸ್ಮಾರಕವನ್ನು ನಿಲ್ಲಿಸಿತು. ಜಗತ್ತು ಕೊಂಡಾಡುವುದು ಅವನು ಓಡದೆ ಉಳಿದ ಭಾನುವಾರವನ್ನು. ನನಗೆ ಮಾತ್ರ ಹಾಕಿ ಮೈದಾನದ ಆ ಇನ್ನೊಂದು ಭಾನುವಾರವೇ ಹೆಚ್ಚು ಪ್ರಿಯ.