ಹಳೆಯ ಸುರುಳಿಗಳ ಋಣ

ಚಲನಚಿತ್ರವು ಹುಟ್ಟಿ ಇನ್ನೂ ಮೂರು ವರ್ಷ ತುಂಬದಿದ್ದ 1898ರಲ್ಲಿಯೇ, ಪ್ಯಾರಿಸ್ಸಿನಲ್ಲಿದ್ದ ಪೋಲೆಂಡಿನ ಛಾಯಾಗ್ರಾಹಕ ಬೊಲೆಸ್ವಾವ್ ಮತುಷೆವ್‌ಸ್ಕಿ ಎಂಬವರು, ಚಲಿಸುವ ಚಿತ್ರಗಳು ಇತಿಹಾಸದ ನೂತನ ಆಕರಗಳೆಂದೂ ಅವನ್ನು ಸಂರಕ್ಷಿಸಲು ಒಂದು ಭಂಡಾರವೇ ಬೇಕೆಂದೂ ಕಿರುಹೊತ್ತಗೆಯೊಂದರಲ್ಲಿ ಪ್ರತಿಪಾದಿಸಿದರು. ಇಂದು ಚಿತ್ರದ ಕೊನೆಯಲ್ಲಿ ‘ಸಂಗ್ರಹದೃಶ್ಯಗಳ ಕೃಪೆ’ ಎಂಬ ಒಂದೇ ಸಾಲಿನಲ್ಲಿ ತೀರಿಹೋಗುವ ಋಣದ ಹಿಂದೆ, ದೃಶ್ಯವನ್ನು ಸೆರೆಹಿಡಿದವರು, ಅದನ್ನು ಕಾಪಾಡಿದವರು, ದಶಕಗಳ ತರುವಾಯ ಅದನ್ನು ಅರಸಿ ಗುರುತಿಸಿದವರು ಎಂಬ ಮೂರು ಬಗೆಯ ಜನರ ದುಡಿಮೆ ಅಡಗಿದೆ. ಹಳೆಯ ದೃಶ್ಯಗಳಿಂದ ಹೊಸ ಚಿತ್ರವನ್ನು ಕಟ್ಟುವ ಈ ಕಲೆಯ ಬೆಳವಣಿಗೆಯೆಂದರೆ ಅರಸುವವರ ಹೊಣೆಯ ಬೆಳವಣಿಗೆಯೇ ಎಂದು ನನ್ನ ಎಣಿಕೆ.

ಆ ಹೊಣೆಯನ್ನು ಪೂರ್ಣಮನಸ್ಸಿನಿಂದ ಹೊತ್ತವರಲ್ಲಿ ಮೊದಲಿಗರು ರಷ್ಯದ ಎಸ್ಫಿರ್ ಶೂಬ್. 1926ರ ಬೇಸಗೆಯಲ್ಲಿ ಲೆನಿನ್‌ಗ್ರಾಡಿನ ತೇವದ ನೆಲಮಾಳಿಗೆಯೊಂದರಲ್ಲಿ, ತುಕ್ಕುಹಿಡಿದ ಡಬ್ಬಿಗಳೊಳಗೆ ಲೇಪ ಕಳಚುತ್ತಿದ್ದ ಸುರುಳಿಗಳನ್ನು ಎರಡು ತಿಂಗಳು ಪರೀಕ್ಷಿಸಿ, ನೋಡಿದ ಸುಮಾರು 60,000 ಮೀಟರಿನಲ್ಲಿ ಅಲ್ಪಾಂಶವನ್ನಷ್ಟೇ ಆಯ್ದುಕೊಂಡು, ‘ರೊಮಾನೊವ್ ವಂಶದ ಪತನ’ವನ್ನು ಆಕೆ 1927ರಲ್ಲಿ ಕಟ್ಟಿದರು. ಚಕ್ರವರ್ತಿಯ ವೈಭವಕ್ಕೆಂದು ಆಸ್ಥಾನದ ಛಾಯಾಗ್ರಾಹಕರು ತೆಗೆದ ದೃಶ್ಯಗಳೇ ಅಲ್ಲಿ ಅವನ ವಿರುದ್ಧ ಸಾಕ್ಷಿ ನುಡಿಯುತ್ತವೆ: ಹಡಗಿನ ಮೇಲೆ ಕುಣಿದು ದಣಿದ ಸಿರಿವಂತರು ಬೆವರೊರಸಿಕೊಂಡ ಬೆನ್ನಿಗೇ, ನೆಲ ಅಗೆಯುವ ರೈತನೂ ಬೆವರೊರಸಿಕೊಳ್ಳುತ್ತಾನೆ. ಬಹುಪಾಲು ಹಳೆಯ ದೃಶ್ಯಗಳಿಂದಲೇ ಹೊಸದೊಂದು ಅರ್ಥವನ್ನು ಸೃಜಿಸಿದ ಈ ಪ್ರತಿಭೆಗೆ ಸಲ್ಲಬೇಕಾದ ಮನ್ನಣೆ ಇನ್ನೂ ಸಂದಿಲ್ಲ.

ನಮ್ಮ ದೇಶದಲ್ಲಿ ಇದಕ್ಕೆ ಹೆಗಲೆಣೆಯಾದ ಸಾಹಸ ಎ. ಕೆ. ಚೆಟ್ಟಿಯಾರರದು. ಗಾಂಧೀಜಿಯವರ ಜೀವನವನ್ನು ಚಿತ್ರವಾಗಿಸಲು ಸಂಕಲ್ಪಿಸಿದ ಈ ತಮಿಳು ಪ್ರವಾಸಸಾಹಿತಿ, ದೇಶದೇಶಗಳನ್ನು ಸುತ್ತಿ, ಹಲವರ ಬಳಿ ಚದರಿಹೋಗಿದ್ದ ತುಣುಕುಗಳನ್ನು ಸುಮಾರು 50,000 ಅಡಿಯಷ್ಟು ಕೂಡಿಸಿ, 1940ರಲ್ಲಿ ಅದನ್ನು ತೆರೆಗೆ ತಂದರು. ಇಷ್ಟು ಶ್ರಮದ ಫಲವಾದ ಮೂಲ ತಮಿಳು ಪ್ರತಿ ಮಾತ್ರ ಕೈತಪ್ಪಿಹೋಗಿ, ಅಮೆರಿಕದಲ್ಲಿ ಸಂಕ್ಷೇಪಿಸಿದ ಇಂಗ್ಲಿಷ್ ರೂಪವಷ್ಟೇ ಮರಳಿ ದೊರೆತದ್ದು ನನ್ನನ್ನು ಬಹಳ ನೋಯಿಸುತ್ತದೆ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವು ತಲೆಯೆತ್ತಿದ್ದು 1964ರಲ್ಲಿ; ಅದರ ಸಂಗ್ರಾಹಕ ಪಿ. ಕೆ. ನಾಯರರ ಅಖಂಡ ಪರಿಶ್ರಮದಿಂದ ಅದು ಬೆಳೆಯುವ ವೇಳೆಗೆ ನಮ್ಮ ಮೂಕಚಿತ್ರಗಳ ಬಹುಭಾಗ ನಷ್ಟವಾಗಿತ್ತು.

ದೂರದರ್ಶನದ ಯುಗದಲ್ಲಿ ಪ್ರಾಮಾಣ್ಯದ ಪ್ರಶ್ನೆ ಮುಂದಾಯಿತು. 1916ರ ‘ಸೊಮ್ ಕದನ’ ಎಂಬ ಬ್ರಿಟಿಷ್ ಯುದ್ಧಚಿತ್ರದಲ್ಲಿ ಯೋಧರು ಕಂದಕವನ್ನೇರಿ ಹೊರಡುವ ಸುಪ್ರಸಿದ್ಧ ದೃಶ್ಯವು ರಣರಂಗದ್ದಲ್ಲ, ಹಿಂಬದಿಯ ತರಬೇತಿನೆಲೆಯಲ್ಲಿ ಅಭಿನಯಿಸಿದ್ದು. 1964ರಲ್ಲಿ ಬಿಬಿಸಿಯು ಮೊದಲನೆಯ ಮಹಾಯುದ್ಧವನ್ನು ಕುರಿತು 26 ಕಂತುಗಳ ಸರಣಿಯನ್ನು ಪ್ರಸಾರಮಾಡಿದಾಗ, ಇಂತಹ ಕೃತಕ ದೃಶ್ಯಗಳನ್ನು ಕೃತಕವೆಂದೇ ವೀಕ್ಷಕರಿಗೆ ತಿಳಿಸಬೇಕೆಂದು ಲಂಡನ್ನಿನ ಯುದ್ಧ ಸಂಗ್ರಹಾಲಯದ ನಿರ್ದೇಶಕ ನೋಬಲ್ ಫ್ರಾಂಕ್ಲಂಡ್ ಪಟ್ಟುಹಿಡಿದರು. ಎರಡನೆಯ ಮಹಾಯುದ್ಧವನ್ನು ಕುರಿತು ಜೆರೆಮಿ ಐಸಾಕ್ಸ್ ನಿರ್ಮಿಸಿದ 1973ರ ‘ದಿ ವರ್ಲ್ಡ್ ಅಟ್ ವಾರ್’ ಸರಣಿಯಲ್ಲಿ ರೇ ಫಾರ್ ಮೊದಲಾದ ಚಿತ್ರಶೋಧಕರು ವಹಿಸಿದ ಪಾತ್ರವು ಬರಹಗಾರರದಕ್ಕಿಂತ ಕಿರಿದೆಂದು ನಾನೆಣಿಸಲಾರೆ.

2018ರಲ್ಲಿ ನಿರ್ದೇಶಕ ಪೀಟರ್ ಜಾಕ್ಸನ್ ಲಂಡನ್ನಿನ ಅದೇ ಯುದ್ಧ ಸಂಗ್ರಹಾಲಯದ ಮೂಕಸುರುಳಿಗಳ ವೇಗವನ್ನು ತಿದ್ದಿ, ಬಣ್ಣ ಬಳಿದು ಚಿತ್ರವೊಂದರಲ್ಲಿ ತೋರಿಸಿದಾಗ, ಬಣ್ಣದ ಔಚಿತ್ಯವನ್ನು ಕುರಿತು ಭಿನ್ನಾಭಿಪ್ರಾಯಗಳೆದ್ದವು. ಆದರೆ ಮಾತಿನ ವಿಷಯದಲ್ಲಿ ಎಚ್ಚರವಿತ್ತು: ಆ ಚಿತ್ರಕ್ಕಾಗಿ ತುಟಿಯ ಚಲನೆಯಿಂದ ಮಾತನ್ನು ಗ್ರಹಿಸಬಲ್ಲವರನ್ನು ಕರೆಸಿ, ಯೋಧರು ಅಂದು ಆಡಿದ ನುಡಿಗಳನ್ನು ಬರೆಯಿಸಿ, ಆಯಾ ಪಡೆಯ ಸೀಮೆಯ ಉಚ್ಚಾರಣೆಯಲ್ಲಿಯೇ ನಟರಿಂದ ಆಡಿಸಲಾಯಿತು.