ಮಿರಜದ ಕಂಠವೂ ಗಡಿನಾಡಿನ ಕಿವಿಯೂ

ಕಾಗವಾಡ, ಅಥಣಿ, ರಾಯಬಾಗ, ಚಿಕ್ಕೋಡಿ, ನಿಪ್ಪಾಣಿಗಳೆಂಬ ಗಡಿನಾಡಿನ ಊರುಗಳಿಗೆ ಸಮೀಪದ ಸಂಗೀತಪೀಠವೆಂದರೆ ಮಿರಜ. ಬೆಳಗಾವಿಯ ರೈಲು ಚಿಕ್ಕೋಡಿ ರೋಡ್, ರಾಯಬಾಗ, ಕುಡಚಿ, ಉಗಾರಗಳನ್ನು ದಾಟಿ ಸೇರುವ ಆ ಪಟ್ಟಣದಲ್ಲಿ ತಂಬೂರಿ, ಸಿತಾರುಗಳನ್ನು ಕಟ್ಟುವ ಮನೆತನಗಳು ತಲೆಮಾರುಗಳಿಂದ ನೆಲೆಸಿರುವುವು. ಉತ್ತರದ ಕಿರಾನಾದಲ್ಲಿ ಜನಿಸಿದ ಉಸ್ತಾದ್ ಅಬ್ದುಲ್ ಕರೀಂ ಖಾನರು ತಮ್ಮ ಬಾಳಿನ ಕೊನೆಯ ವರ್ಷಗಳಲ್ಲಿ ನೆಲೆನಿಂತುದೂ ಅಲ್ಲಿಯೇ. ಅವರ ವಿದ್ಯೆಯು ಕುಂದಗೋಳದ ಸವಾಯಿ ಗಂಧರ್ವರ ಮೂಲಕ ಕನ್ನಡನಾಡಿನಲ್ಲಿ ಬೇರೂರಿ, ಗಂಗೂಬಾಯಿ ಹಾನಗಲ್ಲರಲ್ಲಿಯೂ ಭೀಮಸೇನ ಜೋಶಿಯವರಲ್ಲಿಯೂ ಫಲಿಸಿತು.

ಖಾನರ ಕಂಠವು ಎರಡು ಯುಗಗಳಲ್ಲಿ ಮುದ್ರಿತವಾಯಿತು. 1904–05ರ ಗ್ರಾಮಫೋನ್ ತಟ್ಟೆಗಳಿಗಾಗಿ ಅವರು ತುತ್ತೂರಿಯಂಥ ಕೊಳವೆಯ ಮುಂದೆ ಹಾಡಿದರು. 1930ರ ದಶಕದ ಓಡಿಯನ್ ಕಂಪನಿಯ ತಟ್ಟೆಗಳ ಹೊತ್ತಿಗೆ ಮೈಕ್ರೋಫೋನು ಬಂದಿತ್ತು. ಪಕ್ಕವೊಂದಕ್ಕೆ ಮೂರು ನಿಮಿಷಗಳ ಆಸುಪಾಸಿನ ಆ ಅವಕಾಶದಲ್ಲಿ ವಿಲಂಬಿತದ ವಿಸ್ತಾರಕ್ಕೆ ಎಡೆಯಿಲ್ಲದಿದ್ದರೂ ಸ್ವರದ ನೆಲೆ ಮಾತ್ರ ಕಿಂಚಿತ್ತೂ ಕದಲದು. ಸಾಂಗಲಿಯ ಕೃಷ್ಣಾಜಿ ಬಲ್ಲಾಳ ದೇವಲರೂ ಆಂಗ್ಲ ಅಧಿಕಾರಿ ಕ್ಲೆಮೆಂಟ್ಸರೂ ನಡೆಸಿದ ಇಪ್ಪತ್ತೆರಡು ಶ್ರುತಿಗಳ ಶೋಧನೆಗೆ ಕಂಠವಿತ್ತು ನೆರವಾದ ಈ ಗಾಯಕರು, ಖರಹರಪ್ರಿಯ, ಸಾವೇರಿಗಳಂಥ ದಕ್ಷಿಣದ ರಾಗಗಳ ಸರಿಗಮಗಳನ್ನೂ ತಟ್ಟೆಗೆ ಹಾಡಿದರು.

ಇಂಥ ಶ್ರುತಿನಿಷ್ಠರ ಸಮಗ್ರ ಧ್ವನಿಸಂಪುಟವನ್ನು ಉತ್ತಮ ಗುಣಮಟ್ಟದಲ್ಲಿ ಕೇಳುವುದೆಂದರೇನು? ತಟ್ಟೆಯನ್ನು ಅದರದೇ ವೇಗದಲ್ಲಿ ಓಡಿಸುವುದು ಮೊದಲನೆಯ ಧರ್ಮ. ಅಂದಿನ ತಟ್ಟೆಗಳೆಲ್ಲವೂ ನಿಮಿಷಕ್ಕೆ 78 ಸುತ್ತುಗಳಲ್ಲಿಯೇ ಮುದ್ರಿತವಾದವುಗಳಲ್ಲ. 78ರ ತಟ್ಟೆಯನ್ನು 83ರಲ್ಲಿ ಓಡಿಸಿದರೆ ಷಡ್ಜವು ಸುಮಾರು ಅರ್ಧಸ್ವರದಷ್ಟು ಮೇಲೇರಿ, ಲಯವು ಅವಸರಗೊಂಡು, ಕಂಠವು ಬೇರೊಬ್ಬರದೆನಿಸುವುದು. ನಡುರಂಧ್ರವು ಕೇಂದ್ರ ತಪ್ಪಿದ್ದರೆ ನಿಂತ ಸ್ವರವೇ ತೂಗಾಡುವುದು. ಗರಗರ ಸದ್ದನ್ನು ಸಂಪೂರ್ಣ ಅಳಿಸಹೊರಟರೆ ಅದರೊಡನೆ ಕಂಠದ ಸೂಕ್ಷ್ಮ ಅನುರಣನವೂ ಅಳಿಯುವುದು. ಆದಕಾರಣ ಕೊಂಚ ಸದ್ದನ್ನು ಉಳಿಸಿಕೊಂಡು ಸ್ವರವನ್ನು ಕಾಯುವ ಸಂಪುಟವೇ ಶ್ರೇಷ್ಠ.

1937ರ ಅಕ್ಟೋಬರ್ 27ರಂದು ಮದರಾಸು ಸೀಮೆಯ ಸಿಂಗಪೆರುಮಾಳ್ ಕೋಯಿಲ್ ರೈಲುನಿಲ್ದಾಣದಲ್ಲಿ ಖಾನರು ದೇಹವಿಟ್ಟರು. ಅವರ ಸಮಾಧಿ ಮಿರಜದ ಖ್ವಾಜಾ ಮೀರಾಸಾಹೇಬರ ದರ್ಗಾದಲ್ಲಿದೆ. ಅವರ ಸ್ಮರಣೆಯ ಸಂಗೀತೋತ್ಸವ ಇಂದಿಗೂ ಅಲ್ಲಿ ನಡೆಯುತ್ತಿದೆ. ಅವರ ಕಂಠವಾದರೋ ತಟ್ಟೆಗಳಲ್ಲಿ ಉಳಿದಿದೆ; ಆದಕಾರಣ ಅಥಣಿಯಲ್ಲಾಗಲಿ ನಿಪ್ಪಾಣಿಯಲ್ಲಾಗಲಿ ಯಾರ ಮನೆಯ ಅಟ್ಟದಲ್ಲಾದರೂ ಹಳೆಯ ತಟ್ಟೆಗಳಿದ್ದರೆ ಅವನ್ನು ಗುಜರಿಗೆ ಹಾಕದಿರಿ. ನಿಲ್ಲಿಸಿ ಜೋಡಿಸಿ, ಧೂಳು ತಾಗದಂತೆ ಇರಿಸಿ, ಬಲ್ಲವರ ಕೈಗೆ ಒಪ್ಪಿಸಿರಿ.