ಬೆಕ್ಕಿನ ನೆಗಡಿ

ಬೆಕ್ಕುಗಳ ಮೂಗು, ಗಂಟಲು, ಕಣ್ಣುಗಳಿಗೆ ತಗಲುವ ಸೋಂಕು. ಬಹುಪಾಲು ಪ್ರಕರಣಗಳಿಗೆ ಬೆಕ್ಕಿನ ಹರ್ಪಿಸ್ ವೈರಸ್ ಅಥವಾ ಕ್ಯಾಲಿಸಿವೈರಸ್ ಕಾರಣ. ಸೀನು, ಕಣ್ಣೀರು, ಮೂಗು ಕಟ್ಟುವಿಕೆ ಇದರ ಲಕ್ಷಣಗಳು. ಕ್ಯಾಲಿಸಿವೈರಸ್ ತಗಲಿದರೆ ನಾಲಗೆಯ ಮೇಲೆ ಹುಣ್ಣೆದ್ದು ಜೊಲ್ಲು ಸುರಿಯುವುದೂ ಉಂಟು. ಸೌಮ್ಯ ನೆಗಡಿ ಸಾಮಾನ್ಯವಾಗಿ 7ರಿಂದ 10 ದಿನಗಳಲ್ಲಿ ಇಳಿಯುತ್ತದೆ. ಹರ್ಪಿಸ್ ವೈರಸ್ ಮಾತ್ರ ನರಗಳಲ್ಲಿ ಅಡಗಿ ಉಳಿದು, ಮನೆ ಬದಲಾವಣೆಯಂಥ ಒತ್ತಡದಲ್ಲಿ ಮರುಕಳಿಸಬಹುದು.

ಆರೈಕೆಯಲ್ಲಿ ಮೊದಲ ಗಮನ ಊಟದ ಕಡೆಗಿರಬೇಕು. ವಾಸನೆ ಹತ್ತದ ಬೆಕ್ಕು ತಟ್ಟೆಯನ್ನು ಮೂಸಿ ಹಿಂದೆ ಸರಿಯುತ್ತದೆ. ಮೀನನ್ನೋ ಕೋಳಿಯನ್ನೋ ಉಪ್ಪು, ಈರುಳ್ಳಿ, ಬೆಳ್ಳುಳ್ಳಿ ಹಾಕದೆ ಬೇಯಿಸಿ, ಉಗುರುಬೆಚ್ಚಗೆ ಬಡಿಸಿದರೆ ಪರಿಮಳಕ್ಕೆ ಬಾಯಿ ಹಾಕೀತು. ಒಣಗಿದ ಸಿಂಬಳವನ್ನು ಬೆಚ್ಚನೆಯ ನೀರಿನಲ್ಲಿ ಅದ್ದಿದ ಹತ್ತಿಯಿಂದ ನೆನೆಸಿ ಒರೆಸಬೇಕು. ಬಿಸಿನೀರಿನ ಹಬೆ ತುಂಬಿದ ಬಚ್ಚಲುಮನೆಯಲ್ಲಿ ಹತ್ತು ನಿಮಿಷ ಜೊತೆಗೆ ಕೂತರೆ ಉಸಿರಾಟ ಹಗುರಾಗುತ್ತದೆ. ಹಬೆಗೆ ನೀಲಗಿರಿ ಎಣ್ಣೆ, ಕರ್ಪೂರ ಬೆರೆಸಬಾರದು. ಮೈಗೆ ಬಾಮ್ ಹಚ್ಚಲೂಬಾರದು.

ಅತಿ ದೊಡ್ಡ ಅಪಾಯ ಮನೆಯ ಔಷಧಿ ಡಬ್ಬಿಯಲ್ಲಿದೆ. ಪ್ಯಾರಾಸಿಟಮಾಲ್ ಬೆಕ್ಕಿಗೆ ವಿಷ. ಅದನ್ನು ನಿರುಪದ್ರವಿಯಾಗಿಸುವ ಕಿಣ್ವದ ಶಕ್ತಿ ಬೆಕ್ಕಿನ ಯಕೃತ್ತಿಗೆ ತೀರಾ ಕಡಿಮೆ. ರಕ್ತ ಆಮ್ಲಜನಕ ಸಾಗಿಸಲಾರದೆ ಒಸಡು ಕಂದುತ್ತದೆ, ಮುಖ, ಪಾದಗಳು ಊದುತ್ತವೆ. 500 ಮಿಲಿಗ್ರಾಂನ ಒಂದೇ ಮಾತ್ರೆ ಕೊಲ್ಲಬಲ್ಲದು. ನುಂಗಿದ್ದು ಗೊತ್ತಾದ ಕೂಡಲೇ ಪಶುವೈದ್ಯರಲ್ಲಿಗೆ ಓಡಬೇಕು. ಅಸಿಟೈಲ್‌ಸಿಸ್ಟೀನ್ ಎಂಬ ಪ್ರತಿವಿಷವುಂಟು.

ಒಂದು ದಿನ ಪೂರ್ತಿ ಊಟ ಬಿಟ್ಟರೆ, ಬಾಯಿ ತೆರೆದು ಉಸಿರಾಡಿದರೆ, ಕಣ್ಣು ಮುಚ್ಚಿಕೊಂಡೇ ಇದ್ದರೆ ಅಥವಾ ರೋಗಿ ಎಳೆಯ ಮರಿಯಾಗಿದ್ದರೆ ಕಾಯದೆ ವೈದ್ಯರಿಗೆ ತೋರಿಸಬೇಕು. ಲಸಿಕೆ ಸೋಂಕನ್ನು ಪೂರ್ತಿ ತಡೆಯದಿದ್ದರೂ ತೀವ್ರತೆಯನ್ನು ತಗ್ಗಿಸುತ್ತದೆ.